ಅಮ್ಮ ಇಟ್ಟ ಆಣೆ ಮತ್ತು ಅಜೂರ್ ಎಂಬ ಪದ

ನನ್ನ ಹೆಂಡತಿ ದಾಕ್ಷಾಯಣಿಗೆ ಒಂದು ಕಡೆ ಕೂರುವುದಕ್ಕೆ ಬರುವುದಿಲ್ಲ. ಮದುವೆಯಾದ ಹೊಸದರಲ್ಲಿ ನಾಚಿಕೆಗೆ ಹೀಗೆ ಮಾಡುತ್ತಾಳೆ ಅಂದುಕೊಂಡಿದ್ದೆ. ನಾಚಿಕೆಯೂ ಇಲ್ಲ ಮಣ್ಣೂ ಇಲ್ಲ, ಹುಟ್ಟಿನಿಂದಲೇ ಚಡಪಡಿಕೆ ಅಂತ ಆಮೇಲೆ ಗೊತ್ತಾಯಿತು. ಕಾಫಿ ಲೋಟ ಹಿಡಿದು ಓಡಾಡುತ್ತಾಳೆ, ಫೋನಿನಲ್ಲಿ ಮಾತಾಡುತ್ತಾ ಓಡಾಡುತ್ತಾಳೆ, ಮಕ್ಕಳ ಉತ್ತರಪತ್ರಿಕೆ ಹಿಡಿದು ಟೆರೇಸಿನ ಮೇಲೆ ಓಡಾಡುತ್ತಾ ತಿದ್ದುತ್ತಾಳೆ. ಉಪ್ಪಾರಹಳ್ಳಿಯಲ್ಲಿ ನಮ್ಮ ಮನೆ ಯಾವುದು ಅಂತ ಕೇಳಿದರೆ, ಮೇಲೆ ಒಬ್ಬರು ಮೇಡಂ ಓಡಾಡ್ತಿರ್ತಾರಲ್ಲ, ಅದೇ ಮನೆ ಅನ್ನುತ್ತಾರೆ. ನಾನು ಸದಾಶಿವಯ್ಯ, ತುಮಕೂರು ಬಸ್ ಸ್ಟ್ಯಾಂಡಿನಲ್ಲಿ ಕಂಟ್ರೋಲರ್ ಆಗಿ ಕೂತು ಕೂತೇ ರಿಟೈರ್ ಆದವನು. ನಮ್ಮಿಬ್ಬರಿಗೂ ಜಾತಕ ನೋಡಿದ ಪುಣ್ಯಾತ್ಮ ಯಾರೋ, ಇವತ್ತಿಗೂ ಅವನ ಮೇಲೆ ನನಗೆ ಕೋಪವಿದೆ.

ಗುಬ್ಬಿಯ ಒಂದು ಹೈಸ್ಕೂಲಿನಲ್ಲಿ ಅವಳು ಇಂಗ್ಲಿಷ್ ಟೀಚರು. ಬೆಳಿಗ್ಗೆ ಬಸ್ಸು, ಸಂಜೆ ಬಸ್ಸು, ಬರುವ ವರ್ಷ ನಿವೃತ್ತಿ. ಕೆಲಸಕ್ಕೆ ಸೇರಿದಾಗಿನಿಂದ ಒಂದು ಪದ್ಧತಿ ಇಟ್ಟುಕೊಂಡು ಬಂದಿದ್ದಾಳೆ. ಪಾಠ ಶುರುವಾಗುವ ಮೊದಲು ಬೋರ್ಡಿನ ಮೂಲೆಯಲ್ಲಿ ಒಂದು ಇಂಗ್ಲಿಷ್ ಪದ ಬರೆದು, ಅದು ಯಾವ ಭಾಷೆಯಿಂದ ಬಂತು, ಹೇಗೆ ರೂಪ ಬದಲಾಯಿಸಿತು ಅಂತ ಮಕ್ಕಳಿಗೆ ಹೇಳಬೇಕು. ಅದರಲ್ಲೂ ಲ್ಯಾಟಿನ್ ಅಂದರೆ ಅವಳಿಗೆ ಪ್ರಾಣ. ಲ್ಯಾಟಿನ್ ಆಡುವ ಜನ ಭೂಮಿಯ ಮೇಲೆ ಉಳಿದಿಲ್ಲವಂತೆ. ನಮ್ಮ ಅಡುಗೆಮನೆಯಲ್ಲಿ ಮಾತ್ರ ಅದು ದಿನಾ ಕೇಳಿಸುತ್ತದೆ.

ಒಮ್ಮೆ ಸಾರಿಗೆ ಒಗ್ಗರಣೆ ಹಾಕುತ್ತಾ, "ರೀ, ಕ್ಯಾಂಡಿಡೇಟ್ ಅಂದ್ರೆ ಲ್ಯಾಟಿನ್ನಲ್ಲಿ ಬಿಳಿ ಬಟ್ಟೆ ಉಟ್ಟೋನು ಅಂತ. ಗೊತ್ತಿತ್ತಾ ನಿಮಗೆ?" ಅಂದಳು.

"ಬಿಳಿ ಬಟ್ಟೆ ಹಾಕ್ಕೊಂಡು ಓಟು ಕೇಳಕ್ಕೆ ಮನೆ ಮುಂದೆ ಬಂದು ನಿಂತ್ಕೋತಾರಲ್ಲೇ, ಅದನ್ನ ತಿಳ್ಕೊಳಕ್ಕೆ ಲ್ಯಾಟಿನ್ ಬೇಕಾ?" ಅಂದೆ. ಆ ದಿನ ಸಾರಿಗೆ ಉಪ್ಪು ಬೀಳಲಿಲ್ಲ.

ಇಂಥವಳಿಗೆ ಒಬ್ಬನೇ ಅಣ್ಣ, ಏಕಾಂತಯ್ಯ. ಕುಣಿಗಲ್ಲಿನಲ್ಲಿ ವಿಭೂತಿ, ಲಿಂಗವಸ್ತ್ರ, ಊದುಬತ್ತಿಗಳ ಅಂಗಡಿ. ಹುತ್ರಿದುರ್ಗದ ಕೆಳಗಿನ ಹಳ್ಳಿಯಿಂದ ತಂಗಿಯನ್ನು ಸೈಕಲ್ಲಿನ ಹಿಂದೆ ಕೂರಿಸಿಕೊಂಡು ಹೈಸ್ಕೂಲಿಗೆ ಬಿಟ್ಟು ಬಂದವನು ಅವನು. ತಾನು ಎಸ್ಸೆಸ್ಸೆಲ್ಸಿಯಲ್ಲಿ ಇಂಗ್ಲಿಷಿನಲ್ಲೇ ಡುಮ್ಕಿ ಹೊಡೆದಿದ್ದ. ತಂಗಿ ಇಂಗ್ಲಿಷ್ ಮೇಡಂ ಆದ ದಿನ ಇಡೀ ಸಂತೆಬೀದಿಗೆ ಬೂಂದಿ ಹಂಚಿದ. ಕೆಟ್ಟ ಸಿಡುಕ, ಬಾಯಿ ಜೋರು. ಆದರೆ ದಾಕ್ಷಿ ಅಂತ ಒಂದು ಸಲ ಕರೆದರೆ ಆ ಬಾಯೇ ಬೇರೆ ಅನ್ನಿಸುತ್ತಿತ್ತು.

ಅವರಿಬ್ಬರ ನಡುವೆ ಮಾತು ನಿಂತದ್ದು ನಮ್ಮ ಮಗಳು ದೀಪಿಕಾಳ ಮದುವೆಯಲ್ಲಿ. ನಮ್ಮ ಕಡೆ ಹೆಣ್ಣನ್ನು ಮಂಟಪಕ್ಕೆ ಕೈಹಿಡಿದು ಕರೆತರುವವನು ಸೋದರಮಾವ. ಆ ಜಾಗ ಅವನದೇ, ಅದನ್ನು ಇನ್ನೊಬ್ಬರಿಗೆ ಕೊಡುವಂತಿಲ್ಲ. ಆದರೆ ಅವತ್ತು ಬೆಳಿಗ್ಗೆ ಏಕಾಂತಯ್ಯ ಬರುತ್ತಿದ್ದ ವ್ಯಾನು ಹೆಬ್ಬೂರಿನ ಹತ್ತಿರ ಕೆಟ್ಟು ನಿಂತಿತು. ಇಲ್ಲಿ ಚೌಟ್ರಿಯಲ್ಲಿ ಮುಹೂರ್ತ ಮೀರುತ್ತಿದೆ ಅಂತ ಸ್ವಾಮಿಗಳು ಒಂದೇ ಸಮನೆ ಕೂಗುತ್ತಿದ್ದರು. ಗಂಡಿನ ಕಡೆಯವರ ಮುಖ ಗಂಟಿಕ್ಕುತ್ತಿತ್ತು. ದಾಕ್ಷಾಯಣಿ ಗಾಬರಿಯಲ್ಲಿ ನನ್ನ ದಾಯಾದಿ ಗುಂಡಯ್ಯನನ್ನು ಎಳೆದು ತಂದು, "ನೀವೇ ಕರ್ಕೊಂಡ್ ಬನ್ನಿ, ಆಮೇಲೆ ಅಣ್ಣಂಗೆ ನಾನ್ ಹೇಳ್ತೀನಿ" ಅಂದುಬಿಟ್ಟಳು. ತಾಳಿ ಕಟ್ಟುವ ಹೊತ್ತಿಗೆ ಏಕಾಂತಯ್ಯ ಬೆವರು ಸುರಿಸಿಕೊಂಡು ಒಳಗೆ ಬಂದ. ತನ್ನ ಜಾಗದಲ್ಲಿ ನಿಂತ ಗುಂಡಯ್ಯನನ್ನು ನೋಡಿದ.

"ನಾನ್ ಸತ್ತೋಗಿದ್ನೇನೆ?" ಅಂತ ಒಂದೇ ಮಾತು. ಊಟ ಮಾಡದೆ ಹೊರಟು ಹೋದ. ಇವಳಾದರೂ ಹಿಂದೆ ಓಡಿ ಹೋಗಿ ಕೈ ಹಿಡಿಯಬೇಕೋ ಬೇಡವೋ? ಅಷ್ಟು ಜನರ ಮುಂದೆ ಹಾಗೆ ಅಂದನಲ್ಲ ಅಂತ ಇವಳಿಗೂ ಉರಿ. ಅಣ್ಣತಂಗಿ ಇಬ್ಬರಿಗೂ ಒಂದೇ ಜಾತಿಯ ಹಠ.

ಅದಾದ ಮರುವರ್ಷ ನನ್ನ ಅತ್ತೆಗೆ ಕಿಡ್ನಿ ಹೋಯಿತು. ತುಮಕೂರಿನ ಆಸ್ಪತ್ರೆಯಲ್ಲಿ ಹಾಸಿಗೆ ಹಿಡಿದಿದ್ದರು. ಹಗಲು ಮಗಳು, ರಾತ್ರಿ ಮಗ. ಒಬ್ಬರು ಬರುವ ಹೊತ್ತಿಗೆ ಇನ್ನೊಬ್ಬರು ಜಾಗ ಖಾಲಿ ಮಾಡುತ್ತಿದ್ದರು, ಮುಖ ನೋಡಬಾರದು ಅಂತ. ಒಂದು ದಿನ ನಾನು ಪಕ್ಕದಲ್ಲೇ ಇದ್ದಾಗ ಅತ್ತೆ ಇವಳ ಕೈ ತೆಗೆದುಕೊಂಡು ತಮ್ಮ ತಲೆಯ ಮೇಲೆ ಇಟ್ಟುಕೊಂಡರು.

"ನೋಡು ದಾಕ್ಷಿ, ಅವ್ನು ಬಾಯ್ಬಿಟ್ಟು ಕರೆಯೋಗಂಟ ನೀನು ಆ ಮನೆ ಹೊಸ್ಲು ದಾಟ್‌ಬ್ಯಾಡ. ನನ್ನಾಣೆ ಐತೆ."

ನನಗೆ ಸಿಟ್ಟು ನೆತ್ತಿಗೇರಿತು. ಮಕ್ಕಳನ್ನು ಕೂಡಿಸುವುದು ಬಿಟ್ಟು ಈ ಮುದುಕಿ ಇನ್ನಷ್ಟು ದೂರ ಮಾಡುತ್ತಿದ್ದಾಳಲ್ಲ ಅನ್ನಿಸಿತು. ಯುಗಾದಿ ಕಳೆದು ನಾಲ್ಕೈದು ದಿನಕ್ಕೆ ಅತ್ತೆ ಲಿಂಗೈಕ್ಯರಾದರು. ಸಮಾಧಿ, ಗಣಾರಾಧನೆ ಎಲ್ಲವೂ ಹಳ್ಳಿಯ ತೋಟದಲ್ಲೇ ನಡೆದದ್ದರಿಂದ ಕುಣಿಗಲ್ ಮನೆಯ ಹೊಸ್ತಿಲಿನ ಮಾತು ಬರಲಿಲ್ಲ. ಅಣ್ಣ ಕರೆಯಲಿಲ್ಲ, ತಂಗಿ ಹೋಗಲಿಲ್ಲ. ಹೀಗೇ ಮೂರು ವರ್ಷ ಆಯಿತು.

ಮೊನ್ನೆ ಶ್ರಾವಣದಲ್ಲಿ ಏಕಾಂತಯ್ಯನ ಹೆಂಡತಿ ಶಿವಗಂಗಮ್ಮ ನನಗೆ ಫೋನ್ ಮಾಡಿದಳು. ಅಳು ಮೊದಲು, ಮಾತು ಆಮೇಲೆ.

"ಅಣ್ಣಾ, ಇವ್ರ ಕಾಲು ಕೊಳೀತಾ ಐತೆ. ಸುಗರ್ ಇತ್ತಲ್ಲ, ಹೆಬ್ಬೆಟ್ಟು ಕಪ್ಪಗಾಗೈತೆ. ಡಾಕ್ಟ್ರು ಬೆಟ್ಟು ತೆಗುಸ್ಬೇಕು, ತಡ ಮಾಡುದ್ರೆ ಕಾಲೇ ಹೋಯ್ತದೆ, ಜೀವಕ್ಕೂ ಗ್ಯಾರಂಟಿ ಇಲ್ಲ ಅಂತವ್ರೆ. ಇವ್ರು ಒಪ್ತಾ ಇಲ್ಲ. ನಾನು ಅನುಬೈಸ್ಬೇಕು ಬುಡು, ಅಂತ ಮಕ ತಿರುಗುಸ್ಕತಾರೆ."

"ಅನುಭವಿಸಕ್ಕೆ ಅವನೇನಮ್ಮ ಮಾಡವ್ನೆ?"

ಆಗ ಅವಳು ಹೇಳಿದ್ದು ಕೇಳಿ ನಾನು ಕುರ್ಚಿ ಬಿಟ್ಟು ಎದ್ದೆ. ಅತ್ತೆ ಮಗನ ಕೈಯನ್ನೂ ತಲೆಯ ಮೇಲೆ ಇಟ್ಟುಕೊಂಡಿದ್ದರಂತೆ. ಯುಗಾದಿಯೊಳಗೆ ನೀನೇ ಹೋಗಿ ದಾಕ್ಷಿಯನ್ನು ಮನೆಗೆ ಕರೆದುಕೊಂಡು ಬಾ, ನನ್ನಾಣೆ, ಅಂದಿದ್ದರಂತೆ. ಮುದುಕಿಯ ಲೆಕ್ಕ ಸರಿಯಾಗಿಯೇ ಇತ್ತು. ಮಗಳು ತಾನಾಗಿ ಹೋಗಿ ಸಣ್ಣವಳಾಗಬಾರದು, ಮುನಿಸಿಕೊಂಡು ಎದ್ದು ಹೋದ ಮಗನೇ ಬಂದು ಕರೆಯಬೇಕು. ಆದರೆ ಇವನು ಇವತ್ತು ನಾಳೆ ಅಂತ ಬಿಗುಮಾನದಲ್ಲಿ ಕೂತ. ಯುಗಾದಿ ದಾಟಿತು. ತಾಯಿ ಹೋದರು. ಆಣೆ ತಪ್ಪಿದ್ದಕ್ಕೇ ಅವ್ವ ಸತ್ತಳು, ನಾನೇ ಕೊಂದೆ ಅಂತ ಅವನ ತಲೆಯಲ್ಲಿ ಕೂತುಬಿಟ್ಟಿದೆ. ಅಂಥವನು ಯಾವ ಮುಖ ಹೊತ್ತು ತಂಗಿಯ ಬಾಗಿಲಿಗೆ ಬಂದಾನು?

ಸಂಜೆ ದಾಕ್ಷಾಯಣಿ ಗುಬ್ಬಿಯಿಂದ ಬಂದಳು. ಚಪ್ಪಲಿ ಬಿಡುತ್ತಲೇ ಶುರು: "ರೀ, ಇವತ್ತು ಅಜೂರ್ ಅಂತ ಒಂದು ಪದ ಬರೆದೆ. ಬರೆಯುವಾಗ ಮಧ್ಯೆ ಒಂದು ಡಿ ಇದೆ, ಆದ್ರೆ ಬಾಯಿಗೆ ಬರಲ್ಲ. ಈಗ ಯಾರೂ ಬಳಸಲ್ಲ, ಹಳೇ ಪದ. ಲ್ಯಾಟಿನ್ನಲ್ಲಿ ಯೂರಾರೆ ಅಂದ್ರೆ ಪ್ರಮಾಣ ಮಾಡೋದು. ಅದರ ಹಿಂದೆ ಇರೋದು ಯೂಸ್, ಅಂದ್ರೆ ಕಾನೂನು. ಜಸ್ಟಿಸ್ಸು, ಜೂರಿ ಎಲ್ಲಾ ಅದೇ ಮನೆಯವೇ. ಯೂರಾರೆಗೆ ಮೊದಲು ಅದ್ ಅಂತ ಸೇರಿಸಿದ್ರೆ, ಇನ್ನೊಬ್ಬರ ಕಡೆಗೆ ಅಂತ ಅರ್ಥ. ಆಮೇಲೆ ಚರ್ಚಿನ ಲ್ಯಾಟಿನ್ನಲ್ಲಿ, ದೇವರ ಹೆಸರು ಹೇಳಿ ಇನ್ನೊಬ್ಬರನ್ನ ಕಟ್ಟಿಹಾಕೋದು ಅಂತ ಆಯ್ತು. ಮಕ್ಕಳಿಗೆ ಹೆಂಗೆ ಹೇಳಿದೆ ಗೊತ್ತಾ? ನಮ್ಮ ಆಣೆ ಇಡೋದು ಇದೆಯಲ್ಲ, ಅದೇ ಕಣ್ರೋ ಅಂದೆ."

ಬೇರೆ ದಿನವಾಗಿದ್ದರೆ ಏನಾದರೂ ಕುಟುಕುತ್ತಿದ್ದೆ. ಅವತ್ತು ಬಾಯಿಗೆ ಬಂದದ್ದೇ ಬೇರೆ. "ಸರಿ, ಆ ಅಜೂರ್ ಮುರುದ್ರೆ ಯಾರಿಗೆ ತಟ್ಟತ್ತೆ?" ಅಂತ ಕೇಳಿದೆ.

"ಅಂದ್ರೆ?"

"ಇಟ್ಟೋರಿಗೋ, ಇಡಿಸ್ಕೊಂಡೋರಿಗೋ?"

ಅವಳು ದಪ್ಪ ಡಿಕ್ಷನರಿ ಎಳೆದುಕೊಂಡಳು. ನಿಂತುಕೊಂಡೇ ಓದಿದಳು. ಶಾಪದ ಭಯ ಹಾಕಿ ಆಜ್ಞೆ ಮಾಡುವುದು ಅಂತ ಬರೆದಿದೆ, ಹಾಗಾದರೆ ಶಾಪ ಇಡಿಸಿಕೊಂಡವರಿಗೇ, ಇಟ್ಟವರಿಗೆ ಏನೂ ಆಗಲ್ಲ ಅಂದಳು. ಆಮೇಲೆ ತನ್ನಷ್ಟಕ್ಕೆ, "ನಮ್ಮಲ್ಲಿ ಉಲ್ಟಾ ಅಲ್ವಾ? ನನ್ನಾಣೆ ಅಂದ್ರೆ ಅಂದವರ ತಲೆಯೇ ಪಣ" ಅಂದು ಓಡಾಟ ನಿಲ್ಲಿಸಿದಳು. "ಯಾಕ್ರೀ ಇದನ್ನ ಕೇಳಿದ್ರಿ?"

ನಾನು ಶಿವಗಂಗಮ್ಮ ಹೇಳಿದ್ದನ್ನೆಲ್ಲ ಹೇಳಿದೆ. ಅವಳು ಬಾಗಿಲ ಚೌಕಟ್ಟು ಹಿಡಿದು ನಿಂತಳು. ಅತ್ತಳು. "ಮೂರು ವರ್ಷ ಅವನಿಗೆ ಜಂಬ ಅಂತ ಬೈಕೊಂಡು ತಿರುಗಿದೆನಲ್ರೀ, ಪಾಪಿ ನಾನು" ಅಂದಳು. ಕಣ್ಣು ಒರೆಸಿಕೊಂಡು ಬಿಟ್ಟ ಚಪ್ಪಲಿಯನ್ನೇ ಮತ್ತೆ ಮೆಟ್ಟಿಕೊಳ್ಳುವುದಕ್ಕೆ ಹೋದಳು. ನಾಳೆ ಬೆಳಿಗ್ಗೆ ಹೋಗೋಣ ಅಂತ ತಡೆಯುವಷ್ಟರಲ್ಲಿ ನನಗೆ ಸಾಕುಸಾಕಾಯಿತು. ರಾತ್ರಿ ಅವಳೂ ಮಲಗಲಿಲ್ಲ, ನನ್ನನ್ನೂ ಮಲಗಗೊಡಲಿಲ್ಲ.

ಬೆಳಿಗ್ಗೆ ಕುಣಿಗಲ್ ಬಸ್ಸಿನಲ್ಲಿ ಸೀಟು ಸಿಕ್ಕಿದರೂ ಅವಳು ಕೂರಲಿಲ್ಲ. ಗೂಳೂರು ದಾಟುವ ತನಕ ಕಂಬಿ ಹಿಡಿದು ನಿಂತಿದ್ದಳು. ಕಂಡಕ್ಟರ್ ನನ್ನ ಹಳೆಯ ಪರಿಚಯದವನು, "ಅಕ್ಕಾ ಕೂತ್ಕಳಿ, ನಿಂತ್ರೇನು ಬಸ್ ಬೇಗ ಹೋಯ್ತದಾ?" ಅಂದ. ಕೂತಳು. ಹೆಬ್ಬೂರಿನಲ್ಲಿ ಮತ್ತೆ ಎದ್ದಳು. ಅಣ್ಣನಿಗೆ ಏನು ಹೇಳಬೇಕು ಅಂತ ತುಟಿಯಲ್ಲೇ ಅಭ್ಯಾಸ ಮಾಡುತ್ತಿದ್ದಳು.

ಏಕಾಂತಯ್ಯನ ಮನೆಯ ಬಾಗಿಲು ತೆರೆದೇ ಇತ್ತು. ಹಾಲಿನಲ್ಲಿ ಮಂಚದ ಮೇಲೆ ಕಾಲು ಚಾಚಿ ಮಲಗಿದ್ದ. ಬ್ಯಾಂಡೇಜಿನ ವಾಸನೆ ಹೊರಗಿನ ಮೆಟ್ಟಿಲವರೆಗೂ ಬರುತ್ತಿತ್ತು. ಎಂಥ ಗಂಡಸು, ಎಷ್ಟು ಇಳಿದುಹೋಗಿದ್ದ! ದಾಕ್ಷಾಯಣಿ ಹೊಸ್ತಿಲ ತನಕ ಹೋಗಿ ಅಲ್ಲೇ ನಿಂತಳು. ಒಳಗೆ ಕಾಲಿಡಲಿಲ್ಲ. ನಾನು ಹಿಂದಿನಿಂದ ಹೋಗೇ ಅಂತ ತಿವಿದರೂ ಅಲ್ಲಾಡಲಿಲ್ಲ. ಅಮ್ಮನ ಆಣೆ ಅವಳಿಗೂ ಇತ್ತಲ್ಲ. ಹೊರಗಿನ ಮೆಟ್ಟಿಲ ಮೇಲೆ ಕೂತುಬಿಟ್ಟಳು.

"ಯಾಕ್ ಬಂದೆ?" ಅಂದ ಅವನು, ಗೋಡೆ ಕಡೆ ತಿರುಗಿಕೊಂಡು.

"ಆಪರೇಷನ್ ಮಾಡಿಸ್ಕೋ ಅಣ್ಣ."

"ಅದು ನನ್ ಕಾಲು."

"ಅತ್ತಿಗೆ ಎಲ್ಲಾ ಹೇಳಿದಾರೆ. ಆಣೆ ತಪ್ಪಿದ್ರೆ ಇಟ್ಟೋರು ಸಾಯಲ್ಲ ಅಣ್ಣ. ನಾನು ನೋಡಿದೀನಿ, ಇಂಗ್ಲಿಷಲ್ಲಿ ಅಜೂರ್ ಅಂತಾರೆ, ಅದರ ಮೂಲ ಲ್ಯಾಟಿನ್ನಲ್ಲಿದೆ, ಅಲ್ಲಿ ಇಟ್ಟೋರಿಗೆ ಏನೂ ಆಗಲ್ಲ…"

ಅವನು ಆಗ ತಿರುಗಿದ. "ಅವ್ವಂಗೆ ಇಂಗ್ಲಿಷ್ ಬರ್ತಿತ್ತೇನೆ?" ಅಂತ ಕೇಳಿದ.

ಅವಳು ಇಡೀ ಜೀವಮಾನ ಓದಿದ್ದೆಲ್ಲ ಆ ಒಂದು ಪ್ರಶ್ನೆಗೆ ಮುಗಿದುಹೋಯಿತು. ಶಿವಗಂಗಮ್ಮ ಅಡುಗೆಮನೆಯ ಬಾಗಿಲಲ್ಲಿ ಸೆರಗು ಬಾಯಿಗೆ ಇಟ್ಟುಕೊಂಡು ನಿಂತಿದ್ದಳು. ಆಮೇಲೆ ದಾಕ್ಷಾಯಣಿ ತಲೆ ಎತ್ತಿದಳು.

"ಹಂಗಾದ್ರೆ ಅಮ್ಮನ್ನ ಕೊಂದಿದ್ದು ನೀನಲ್ಲ, ನಾನು" ಅಂದಳು.

"ಏನಂತ ಬೊಗಳ್ತಿದೀಯ?"

"ನೀನು ಕರೆಯೋವರ್ಗೂ ಈ ಹೊಸ್ತಿಲು ದಾಟಬೇಡ ಅಂತ ನಂಗೂ ಆಣೆ ಇಟ್ಟಿದ್ಲು. ಅಮ್ಮ ಆಸ್ಪತ್ರೇಲಿದ್ದಾಗ ಅವಳ ಹಳೇ ಸೀರೆ ಬೇಕು ಅಂದ್ಲು. ನೀವ್ಯಾರೂ ಇಲ್ಲದಾಗ ನಾನು ಈ ಮನೆ ಒಳಗೆ ಬಂದು ತಗೊಂಡು ಹೋದೆ. ಯುಗಾದಿಗೂ ಮುಂಚೇನೆ. ನಿನಗಿಂತ ಮೊದಲು ಮುರಿದೋಳು ನಾನು."

ಹಸಿ ಸುಳ್ಳು! ಆ ದಿನಗಳಲ್ಲಿ ಅವಳು ಕುಣಿಗಲ್ ಕಡೆ ತಲೆ ಹಾಕಿರಲಿಲ್ಲ. ತರಕಾರಿಯವನಿಗೂ ಸುಳ್ಳು ಹೇಳದ ಹೆಂಗಸು ಇವಳು.

"ಸತ್ಯವಾಗ್ಲೂ?" ಅಂದ ಏಕಾಂತಯ್ಯ.

"ನಿನ್ನಾಣೆಗೂ ಅಣ್ಣ."

ನಾನು ಕಣ್ಣು ಮುಚ್ಚಿಕೊಂಡೆ. ಏಕಾಂತಯ್ಯ ತಂಗಿಯ ಮುಖವನ್ನೇ ನೋಡಿದ. ಮೊಣಕೈ ಊರಿ ಎದ್ದು ಕೂತ.

"ಹುಚ್ಚಿ. ಒಂದು ಸೀರೆ ತಗಂಡು ಹೋಗಿದ್ಕೆ ಯಾರಾದ್ರೂ ಸಾಯ್ತಾರೇನೆ? ಅವ್ವಂಗೆ ಕಿಡ್ನಿ ಹೋಗಿತ್ತು ಕಣೇ. ಎರಡೂ ಹೋಗಿದ್ವು. ಡಾಕ್ಟ್ರು ನನ್ ಮುಂದೇನೇ ಹೇಳುದ್ರು."

"ಅದನ್ನೇ ಇನ್ನೊಂದ್ಸಲ ಹೇಳಣ್ಣ."

ಅವನು ಅಳುವುದಕ್ಕೆ ಶುರು ಮಾಡಿದ. ಅಷ್ಟು ದೊಡ್ಡ ಮೀಸೆಯ ಮನುಷ್ಯ ಬಿಕ್ಕಿ ಬಿಕ್ಕಿ ಅಳುವುದನ್ನು ನೋಡಲಾಗಲಿಲ್ಲ. ಸ್ವಲ್ಪ ಹೊತ್ತಿನ ಮೇಲೆ, "ಬಾಗ್ಲಲ್ಲಿ ಯಾಕೆ ಕೂತಿದೀಯೇ, ಒಳಕ್ಕೆ ಬಾ" ಅಂದ. ಅವಳು ಎದ್ದು ಒಳಗೆ ಹೋಗಿ ಅವನ ಮಂಚದ ಪಕ್ಕ ಕೂತಳು. ಆಪರೇಷನ್ನಿಗೆ ಒಪ್ಪಿದ. ಮಾರನೆಯ ದಿನವೇ ಕಾರು ಮಾಡಿಕೊಂಡು ತುಮಕೂರಿಗೆ ಕರೆತಂದೆವು.

ಆದರೆ ನಮ್ಮ ಮೇಡಂ ನೆಮ್ಮದಿಯಾಗಿದ್ದರೆ ತಾನೆ! ಅಣ್ಣನನ್ನು ಥಿಯೇಟರಿನ ಒಳಗೆ ತಳ್ಳಿಕೊಂಡು ಹೋದದ್ದೇ ತಡ, ಕಾರಿಡಾರಿನಲ್ಲಿ ಆ ತುದಿಯಿಂದ ಈ ತುದಿಗೆ ನಡೆಯುವುದಕ್ಕೆ ಶುರು. ಕಸ ಗುಡಿಸುವ ಹೆಂಗಸು ಎರಡು ಸಲ ಪೊರಕೆ ಪಕ್ಕಕ್ಕೆ ಸರಿಸಿ ದಾರಿ ಬಿಟ್ಟಳು.

"ಲೇ, ಕೂತ್ಕೋ ಒಂದ್ ನಿಮಿಷ. ಬರೀ ಬೆರಳು ತೆಗೆಯೋದು" ಅಂದೆ.

ಅವಳು ನನ್ನ ಹತ್ತಿರ ಬಂದು ಪಿಸುಗುಟ್ಟಿದಳು. "ನಾನು ಅವನ ಮೇಲೆ ಸುಳ್ಳಾಣೆ ಇಟ್ಟೆ ಕಣ್ರೀ. ಪರ್ಜುರಿ ಅಂತಾರೆ ಇದಕ್ಕೆ. ಅದೂ ಯೂರಾರೆಯಿಂದಾನೇ ಬಂದಿದ್ದು. ನಾನೇ ಮಕ್ಕಳಿಗೆ ಪಾಠ ಮಾಡಿದೀನಿ."

"ಅಲ್ಲಾ, ನಿನ್ನೆ ತಾನೆ ಅವನಿಗೆ ಆಣೆಯಿಂದ ಯಾರೂ ಸಾಯಲ್ಲ ಅಂತ ಹೇಳ್ಕೊಟ್ಟು ಬಂದ್ಯಲ್ಲೇ!"

"ಹೇಳಿದೆ. ನಂಗೆ ನಂಬಕ್ಕಾಗ್ತಿಲ್ಲ. ಅವನ ತಲೆ ಮೇಲಿಟ್ಟೆನಲ್ರೀ. ಒಳಗೆ ಅವನಿಗೆ ಹೆಚ್ಚುಕಮ್ಮಿ ಆದ್ರೆ?" ಅಂದಳು. ಅವಳ ಕೈ ಹಿಡಿದುಕೊಂಡೆ. ಬೈಯುವುದಕ್ಕೆ ನನ್ನ ಹತ್ತಿರ ಬೇಕಾದಷ್ಟು ಮಾತಿತ್ತು. ಆದರೆ ನಿಜ ಹೇಳಬೇಕೆಂದರೆ ನನಗೂ ಭಯವಾಗಿತ್ತು.

ಡಾಕ್ಟರು ಹೊರಗೆ ಬಂದು ಎರಡು ಬೆರಳು ತೆಗೆದೆವು, ಕಾಲು ಉಳಿಯಿತು, ಗಾಬರಿಯಿಲ್ಲ ಅಂದರು. ಶಿವಗಂಗಮ್ಮ ಗೋಡೆಗೆ ಕೈ ಮುಗಿದಳು. ದಾಕ್ಷಾಯಣಿ ಮಾತ್ರ ಅವನು ಕಣ್ಣು ಬಿಡುವ ತನಕ ನಂಬಲಿಲ್ಲ.

ಸಂಜೆ ವಾರ್ಡಿನಲ್ಲಿ ಏಕಾಂತಯ್ಯ ಕಣ್ಣು ಬಿಟ್ಟ. ನೀರು ಕೇಳಿದ. ದಾಕ್ಷಾಯಣಿ ಚಮಚದಲ್ಲಿ ಕುಡಿಸಿದಳು. ಅರ್ಧ ನೀರು ಅವನ ಮೀಸೆಯ ಮೇಲೆಲ್ಲ ಚೆಲ್ಲಿತು.

"ಅಣ್ಣ, ನಾನು ನಿನಗೊಂದು ವಿಷಯ ಹೇಳಬೇಕು" ಅಂದಳು.

"ನೀನು ಅವತ್ತು ಮನೆ ಒಳಕ್ಕೆ ಬಂದಿರ್ಲಿಲ್ಲ. ಅದೇ ತಾನೆ?"

ಅವಳ ಕೈಯ ಚಮಚ ಹಾಸಿಗೆಯ ಮೇಲೆ ಬಿತ್ತು. ಏಕಾಂತಯ್ಯ ಮೆಲ್ಲಗೆ ಹೇಳಿದ: "ಅವ್ವ ಆಸ್ಪತ್ರೆ ಸೇರಿದ್ ದಿನಾನೇ ಅವಳ ಸೀರೆ ಎಲ್ಲಾ ಟ್ರಂಕಲ್ಲಿಟ್ಟು ನಾನೇ ಬೀಗ ಹಾಕಿದ್ದೆ ಕಣೇ. ಬೀಗದ ಕೈ ನನ್ ಉಡುದಾರದಲ್ಲೇ ಇತ್ತು."

"ಹಂಗಾದ್ರೆ ಸುಳ್ಳು ಅಂತ ಗೊತ್ತಿದ್ದೂ ಆಪರೇಷನ್ನಿಗೆ ಯಾಕೆ ಒಪ್ಪಿದೆ?"

"ನನ್ ಮೇಲೆ ಸುಳ್ಳಾಣೆ ಇಟ್ಯಲ್ಲ. ನಾನು ಸತ್ತಿದ್ರೆ, ಅಣ್ಣನ್ನ ನಾನೇ ಕೊಂದೆ ಅಂತ ಬದುಕಿರೋಗಂಟ ಕೊರಗ್ತಿದ್ದೆ ನೀನು. ಅದು ಹೆಂಗಿರ್ತದೆ ಅಂತ ನಂಗೊತ್ತು ದಾಕ್ಷಿ. ಅದು ನಿಂಗೆ ಬ್ಯಾಡ ಅಂತ ಒಪ್ಕಂಡೆ."